ಪ್ರಳಯದ ನಂತರವೂ ಸರ್ಟಿಫಿಕೇಟು

ಪ್ರಪಂಚ ಮುಗಿದುಹೋಯಿತು. ಮುಂದೇನು? ರಿಚರ್ಡ್ ಲೆಸ್ಟರ್ ನಿರ್ದೇಶಿಸಿದ 1969ರ ಇಂಗ್ಲಿಷ್ ಚಿತ್ರ ‘ದಿ ಬೆಡ್ ಸಿಟ್ಟಿಂಗ್ ರೂಮ್’ ಕೊಡುವ ಉತ್ತರ: ಮುಂದೆಯೂ ಅದೇ ದರ್ಪ, ಅದೇ ಕಾಗದ!

ಸ್ಪೈಕ್ ಮಿಲಿಗನ್ ಮತ್ತು ಜಾನ್ ಆಂಟ್ರೋಬಸ್ ಬರೆದ ನಾಟಕವೇ ಇದಕ್ಕೆ ಮೂಲ. ಅಣುಯುದ್ಧ ನಡೆದದ್ದು 2 ನಿಮಿಷ 28 ಸೆಕೆಂಡು; ಶಾಂತಿ ಒಪ್ಪಂದದ ಸಹಿಯೂ ಅದರಲ್ಲೇ ಸೇರಿತ್ತು. ಉಳಿದವರು ಸುಮಾರು 20 ಮಂದಿ. ಕಣ್ಣು ಕುಕ್ಕುವ ಸೆಟ್ಟುಗಳಿಲ್ಲ. ಕಸದ ದಿಬ್ಬಗಳೇ ಲಂಡನ್. ಬಲೂನಿಗೆ ಕಟ್ಟಿದ ಮುರುಕು ಕಾರಿನಲ್ಲಿ ತೇಲುವ ಪೊಲೀಸರು ‘ನಿಲ್ಲಬೇಡಿ, ನಡೀರಿ’ ಎಂದು ಗದರುತ್ತಾರೆ. ಖಾಲಿ ಟಿ.ವಿ. ಚೌಕಟ್ಟಿನ ಹಿಂದೆ ಕುಳಿತು ಒಬ್ಬ ವಾರ್ತೆ ಓದುತ್ತಾನೆ. ಬದುಕಿರುವ ಹೆಂಗಸೊಬ್ಬಳ ಕೈಗೆ ಅವಳದೇ ಡೆತ್ ಸರ್ಟಿಫಿಕೇಟು ಬರುತ್ತದೆ; ಆಮೇಲೆ ಆಕೆ ಬೀರುವಾಗುತ್ತಾಳೆ. ಪ್ರಧಾನಿಯಾಗಬೇಕಿದ್ದ ಅವಳ ಗಂಡ ಗಿಳಿಯಾಗಿ, ಹಸಿದವರ ಊಟವಾಗುತ್ತಾನೆ. ಲಾರ್ಡ್ ಒಬ್ಬ ಮಲಗಲು, ಕೂರಲು ಎಲ್ಲಕ್ಕೂ ಒಂದೇ ಆದ ಬಾಡಿಗೆ ಕೋಣೆಯಾಗಿಬಿಡುತ್ತಾನೆ.

ನಕ್ಕು ಮುಗಿಸುವ ಹೊತ್ತಿಗೆ ಭಯವಾಗುತ್ತದೆ. ಬಾಂಬು ಊರನ್ನು ಸುಟ್ಟಿತು. ಗದರುವವರ ಚಟವನ್ನಾಗಲಿ, ತಲೆಬಾಗುವವರ ಚಟವನ್ನಾಗಲಿ ಸುಡಲಿಲ್ಲ. ‘ನಾನು ಬದುಕಿದ್ದೇನೆ’ ಎಂದು ಆಕೆ ಹೇಳಬಹುದು. ಕಾಗದ ಒಪ್ಪಬೇಕಲ್ಲ!