ಒಂದೇ ಊರು, ಎರಡು ಕಾಗುಣಿತ

ಕೆಲವು ತಿಂಗಳ ಹಿಂದಿನ ಮಾತು. ಒಂಬತ್ತನೇ ತರಗತಿಯ ಹುಡುಗನೊಬ್ಬ ಶಾಲೆಯ ಹಳೆಯ ಅಟ್ಲಾಸನ್ನೂ ಅವನ ಅಣ್ಣ ಕೊಂಡುತಂದಿದ್ದ ಹೊಸ ಅಟ್ಲಾಸನ್ನೂ ಎದೆಗವಚಿಕೊಂಡು ಸ್ಟಾಫ್ ರೂಮಿಗೆ ಬಂದ. "ಸಾರ್, ದಕ್ಷಿಣ ಕೊರಿಯಾದ ಈ ಬಂದರು ನೋಡಿ. ಇದರಲ್ಲಿ ‘ಪಿ’ಯಿಂದ ಪುಸಾನ್ ಅಂತಿದೆ. ಇದರಲ್ಲಿ ‘ಬಿ’ಯಿಂದ ಬುಸಾನ್ ಅಂತಿದೆ. ಯಾವುದು ಸರಿ ಸಾರ್?" ಗಂಟೆ ಹೊಡೆದಾಗಿತ್ತು. "ಹೊಸದರಲ್ಲಿ ಅಚ್ಚಿನ ತಪ್ಪಿರಬೇಕು ಕಣೋ" ಎಂದವನೇ ಚಾಕ್‌ಪೀಸ್ ತೆಗೆದುಕೊಂಡು ತರಗತಿಗೆ ಹೊರಟೆ.

ತಪ್ಪು ಅಟ್ಲಾಸಿನದಾಗಿರಲಿಲ್ಲ, ನನ್ನದಾಗಿತ್ತು. ಮನೆಗೆ ಬಂದು ಪುಸ್ತಕ ತೆಗೆದು ನೋಡಿದಾಗ ಎರಡೂ ಸರಿಯೆಂದು ಗೊತ್ತಾಯಿತು. ಮರುದಿನ ತರಗತಿಯಲ್ಲಿ ಹಾಗೆಂದು ಒಪ್ಪಿಕೊಂಡೆ. ಅಂದು ಮಕ್ಕಳಿಗೆ ಹೇಳಿದ್ದನ್ನೇ ಇನ್ನಷ್ಟು ಸೇರಿಸಿ ಈ ವಾರ ಬರೆಯುತ್ತಿದ್ದೇನೆ.

ನೀರು ಎಷ್ಟಕ್ಕೆ ಕುದಿಯುತ್ತದೆ ಎಂದು ಕೇಳಿದರೆ ಒಬ್ಬ 100 ಎನ್ನುತ್ತಾನೆ, ಇನ್ನೊಬ್ಬ 212 ಎನ್ನುತ್ತಾನೆ. ಮೊದಲನೆಯದು ಸೆಲ್ಸಿಯಸ್, ಎರಡನೆಯದು ಫ್ಯಾರನ್‌ಹೀಟ್. ನೀರು ಬದಲಾಗಿಲ್ಲ, ಅಳತೆ ಬದಲಾಗಿದೆ. ಇಂಗ್ಲಿಷ್ ಅಕ್ಷರಗಳಲ್ಲಿ, ಅಂದರೆ ರೋಮನ್ ಲಿಪಿಯಲ್ಲಿ, ಬರೆದ ಏಷ್ಯಾದ ಹೆಸರುಗಳೂ ಹೀಗೆಯೇ. ಯಾವ ಪದ್ಧತಿಯಲ್ಲಿ ಬರೆದದ್ದು ಎಂದು ತಿಳಿಯದೆ ಓದುವುದು, ಏಕಮಾನವಿಲ್ಲದ ಅಂಕಿಯನ್ನು ಓದಿದಂತೆ.

ಮಾಡಿ ನೋಡಿ

ಕೊರಿಯಾದ ಗೊಂದಲ ಅರ್ಥವಾಗಲು ಒಂದು ಸಣ್ಣ ಪ್ರಯೋಗ ಮಾಡೋಣ. ತೆಳುವಾದ ಕಾಗದದ ಪಟ್ಟಿಯೊಂದನ್ನು ಬಾಯಿಯ ಮುಂದೆ ಹಿಡಿದು ‘ಕ’ ಎನ್ನಿ, ಬಳಿಕ ‘ಖ’ ಎನ್ನಿ. ಎರಡನೆಯ ಸಲ ಕಾಗದ ಹೆಚ್ಚು ಅಲುಗುತ್ತದೆ. ಅದೇ ಮಹಾಪ್ರಾಣ. ಈಗ ಗಂಟಲ ಮೇಲೆ ಬೆರಳಿಟ್ಟು ‘ಕ’ ಮತ್ತು ‘ಗ’ ಎನ್ನಿ. ‘ಗ’ ಎನ್ನುವಾಗ ಧ್ವನಿತಂತುಗಳ ಕಂಪನ ಬೆರಳಿಗೆ ಮೊದಲೇ ತಿಳಿಯುತ್ತದೆ. ಈ ಎರಡು ವ್ಯತ್ಯಾಸಗಳೂ ನಮಗೆ ಮುಖ್ಯ. ಅದಕ್ಕೇ ಕ, ಖ, ಗ, ಘ ಎಂದು ನಾಲ್ಕು ಅಕ್ಷರಗಳು.

ಕೊರಿಯನ್ ಭಾಷೆಯಲ್ಲಿ ಪ-ಬ, ಕ-ಗ, ತ-ದ ಭೇದದಿಂದ ಅರ್ಥ ಬದಲಾಗುವುದಿಲ್ಲ. ಅಲ್ಲಿ ಲೆಕ್ಕಕ್ಕೆ ಬರುವುದು ಸಾದಾ, ಬಿಗಿ ಮತ್ತು ಮಹಾಪ್ರಾಣ ಎಂಬ ಮೂರು ಬಗೆ. ಸಾದಾ ಅಕ್ಷರ ಪದದ ಮೊದಲಲ್ಲಿ ‘ಪ’ದಂತೆ ಕೇಳಿಸುತ್ತದೆ, ಎರಡು ಸ್ವರಗಳ ನಡುವೆ ‘ಬ’ದಂತೆ ಕೇಳಿಸುತ್ತದೆ. ತಮಿಳು ಬಲ್ಲವರಿಗೆ ಇದು ಹೊಸದಲ್ಲ. ಹಾವಿಗೆ ತಮಿಳರು ‘ಪಾಂಬು’ ಎನ್ನುತ್ತಾರೆ, ಬರೆಯುವಾಗ ಎರಡೂ ಕಡೆ ಒಂದೇ ಅಕ್ಷರ.

1930ರ ದಶಕದಲ್ಲಿ ಮೆಕ್‌ಕ್ಯೂನ್ ಮತ್ತು ರೈಶವರ್ ಎಂಬ ಇಬ್ಬರು ಅಮೆರಿಕನ್ನರು ಮಾಡಿದ ಪದ್ಧತಿ ಕಿವಿಗೆ ಕೇಳಿದಂತೆ ಬರೆಯಿತು. ಆದ್ದರಿಂದ ಪುಸಾನ್. ಅದರಲ್ಲಿ ಮಹಾಪ್ರಾಣಕ್ಕೆ ಅಕ್ಷರದ ಪಕ್ಕ ಮೇಲುಚುಕ್ಕೆಯಂಥ ಗುರುತು, ಕೆಲವು ಸ್ವರಗಳ ತಲೆಯ ಮೇಲೆ ಬಟ್ಟಲಿನಂಥ ಗುರುತು ಇತ್ತು. ಅವಸರದಲ್ಲಿ ಜನ ಈ ಗುರುತುಗಳನ್ನು ಬಿಟ್ಟುಬಿಡುತ್ತಿದ್ದರು, ಆಗ ಬೇರೆ ಬೇರೆ ಹೆಸರುಗಳು ಒಂದೇ ಆಗಿ ಕಾಣುತ್ತಿದ್ದವು. 2000ದಲ್ಲಿ ದಕ್ಷಿಣ ಕೊರಿಯಾ ಸರ್ಕಾರ ಹೊಸ ಪದ್ಧತಿ ತಂದಿತು. ಮೇಲಿನ ಗುರುತುಗಳು ಹೋದವು, ಪದದ ಮೊದಲಲ್ಲೂ ನಡುವೆಯೂ ಆ ಅಕ್ಷರಕ್ಕೆ ‘ಬಿ’ ಎಂದಾಯಿತು. ಊರಿನವರು ತಮ್ಮ ಊರನ್ನು ಕರೆಯುವ ರೀತಿ ಮಾತ್ರ ಕೂದಲೆಳೆಯಷ್ಟೂ ಬದಲಾಗಲಿಲ್ಲ.

ವ್ಯಕ್ತಿಗಳ ಹೆಸರುಗಳಲ್ಲಿ ತಮಾಷೆ ಇನ್ನೂ ಹೆಚ್ಚು. ಅಧ್ಯಕ್ಷರಾಗಿದ್ದ ಸಿಂಗ್‌ಮನ್ ರೀ ಮತ್ತು ಲೀ ಮ್ಯುಂಗ್-ಬಾಕ್ ಇಬ್ಬರ ಮನೆತನದ ಹೆಸರೂ ದಕ್ಷಿಣ ಕೊರಿಯಾದಲ್ಲಿ ಬರೆಯುವಾಗ ಒಂದೇ, ಉಚ್ಚಾರ ಬರಿಯ ‘ಈ’. ‘ಪಾರ್ಕ್’ ಎಂಬ ಹೆಸರಿನಲ್ಲಿ ರಕಾರವೇ ಇಲ್ಲ. ‘ಆ’ ಸ್ವರವನ್ನು ಇಂಗ್ಲಿಷರು ಸರಿಯಾಗಿ ಓದಲೆಂದು ಸೇರಿಸಿದ ‘ಆರ್’ ಅದು.

ನಾಲಿಗೆಯ ಚಿತ್ರವೇ ಅಕ್ಷರ

ವಿಚಿತ್ರವೆಂದರೆ, ರೋಮನ್ ಲಿಪಿಯಲ್ಲಿ ಇಷ್ಟು ಪಾಡುಪಡುವ ಈ ಭಾಷೆಗೆ ಅತ್ಯಂತ ಶಾಸ್ತ್ರೀಯವಾದ ಸ್ವಂತ ಲಿಪಿಯಿದೆ. ಹದಿನೈದನೆಯ ಶತಮಾನದವರೆಗೆ ಕೊರಿಯಾದವರು ಚೀನೀ ಚಿತ್ರಾಕ್ಷರಗಳಲ್ಲಿ ಬರೆಯುತ್ತಿದ್ದರು. ಸಾವಿರಾರು ಅಕ್ಷರ ಕಲಿಯಲು ರೈತನಿಗೆ ಬಿಡುವೆಲ್ಲಿ? ಇದನ್ನು ಮನಗಂಡ ಸೆಜೋಂಗ್ ಎಂಬ ರಾಜ 1443ರಲ್ಲಿ ಇಪ್ಪತ್ತೆಂಟು ಅಕ್ಷರಗಳ ಹೊಸ ಲಿಪಿ ರೂಪಿಸಿ, 1446ರಲ್ಲಿ ಪ್ರಜೆಗಳಿಗೆ ಕೊಟ್ಟ. ಇಂದು ಬಳಕೆಯಲ್ಲಿರುವ ಮೂಲಾಕ್ಷರಗಳು ಇಪ್ಪತ್ತನಾಲ್ಕು. ಈ ಲಿಪಿಗೆ ಹಂಗುಲ್ ಎಂದು ಹೆಸರು.

ಮೇಲೊಂದು ಅಡ್ಡಗೆರೆ, ಅದರ ಬಲತುದಿಯಿಂದ ಕೆಳಕ್ಕೊಂದು ಗೆರೆ ಎಳೆಯಿರಿ. ಇದು ಅವರ ಕ-ಗ. ನಾಲಿಗೆಯ ಬುಡ ಗಂಟಲನ್ನು ಮುಚ್ಚಿದಾಗಿನ ಆಕಾರ. ಇದನ್ನೇ ತಿರುವಿ, ಎಡಗಡೆ ಕೆಳಕ್ಕೊಂದು ಗೆರೆ, ಅದರ ತಳದಿಂದ ಬಲಕ್ಕೊಂದು ಗೆರೆ ಎಳೆದರೆ ‘ನ’. ನಾಲಿಗೆಯ ತುದಿ ಮೇಲೆದ್ದು ಅಂಗುಳಕ್ಕೆ ತಾಗಿದ ಚಿತ್ರ. ಬಾಯಿಯ ಆಕಾರದ ಚೌಕ ‘ಮ’. ಕ-ಗ ಅಕ್ಷರಕ್ಕೆ ಇನ್ನೊಂದು ಗೆರೆ ಸೇರಿಸಿದರೆ ‘ಖ’. ಧ್ವನಿಗೆ ಬಲ ಬಂದಂತೆ ಅಕ್ಷರಕ್ಕೂ ಗೆರೆ ಬರುತ್ತದೆ! ಇದು ಯಾರದೋ ಊಹೆಯಲ್ಲ. ಲಿಪಿಯ ಜೊತೆಗೇ ಬರೆಸಿದ ವಿವರಣೆಯ ಪುಸ್ತಕದ ಪ್ರತಿಯೊಂದು 1940ರಲ್ಲಿ ಬೆಳಕಿಗೆ ಬಂತು, ಕಾರಣಗಳೆಲ್ಲ ಅದರಲ್ಲಿವೆ.

ಧ್ವನಿ ಹುಟ್ಟುವ ಜಾಗವನ್ನು ನೋಡಿ ಅಕ್ಷರಗಳನ್ನು ವಿಂಗಡಿಸುವುದು ನಮ್ಮ ಕವರ್ಗ, ಚವರ್ಗಗಳ ರೀತಿಯೂ ಹೌದು. ಬೌದ್ಧ ಭಿಕ್ಷುಗಳ ಮೂಲಕ ಭಾರತದ ವರ್ಣವಿಚಾರ ಚೀನಾ ತಲುಪಿತ್ತು. ಸೆಜೋಂಗನ ವಿದ್ವಾಂಸರು ಚೀನೀ ಧ್ವನಿಶಾಸ್ತ್ರವನ್ನು ಅರಗಿಸಿಕೊಂಡವರು. ಆದರೂ ಆಸ್ಥಾನದ ಪಂಡಿತ ಚೋ ಮಾಲ್ಲಿ ಮತ್ತು ಸಂಗಡಿಗರು 1444ರಲ್ಲಿ ಈ ಲಿಪಿ ಬೇಡವೆಂದು ರಾಜನಿಗೆ ಮನವಿ ಕೊಟ್ಟರು. ಚೀನೀ ಲಿಪಿ ಬಿಟ್ಟರೆ ಅನಾಗರಿಕರಾಗುತ್ತೇವೆ ಎಂಬುದು ಅವರ ಭಯ. ಸರ್ಕಾರದ ಕಾಗದಪತ್ರಗಳಿಗೆ ಹಂಗುಲ್ ಬರಲು 1894ರವರೆಗೆ ಕಾಯಬೇಕಾಯಿತು.

ಕಾಗದಕ್ಕೆ ಬಂದ ಏರಿಳಿತ

ಕೊರಿಯಾದವರಿಗೆ ರಾಜನಿದ್ದ, ಆಸ್ಥಾನವಿತ್ತು. ಇವೇನೂ ಇಲ್ಲದ ಜನರ ಪಾಡೇನು? ದಕ್ಷಿಣ ಚೀನಾ, ವಿಯೆಟ್ನಾಂ, ಲಾವೋಸ್, ಥಾಯ್ಲೆಂಡ್‌ಗಳ ಗುಡ್ಡಗಾಡಿನಲ್ಲಿ ಹ್ಮಾಂಗ್ ಎಂಬ ಜನರಿದ್ದಾರೆ. ತಮಗೂ ಹಿಂದೆ ಒಂದು ಪುಸ್ತಕವಿತ್ತು, ಹೊಳೆ ದಾಟುವಾಗ ಅದು ಕಳೆದುಹೋಯಿತು ಎಂಬ ಕಥೆ ಅವರಲ್ಲಿದೆ.

1951ರಿಂದ 1953ರ ನಡುವೆ ಲಾವೋಸಿನಲ್ಲಿದ್ದ ಮೂವರು ಕ್ರೈಸ್ತ ಪಾದ್ರಿಗಳು, ಅಮೆರಿಕದ ಸ್ಮಾಲಿ ಮತ್ತು ಬಾರ್ನಿ, ಫ್ರಾನ್ಸಿನ ಬರ್ತ್ರೆ, ಹ್ಮಾಂಗ್ ಭಾಷೆಗೆ ರೋಮನ್ ಲಿಪಿ ಹೊಂದಿಸಿದರು. ಕಷ್ಟವಿದ್ದದ್ದು ಧ್ವನಿಯ ಏರಿಳಿತದಲ್ಲಿ. ಭೌತಶಾಸ್ತ್ರದಲ್ಲಿ ನಾವು ಸ್ಥಾಯಿ ಎನ್ನುತ್ತೇವಲ್ಲ, ಅದು ಬದಲಾದರೆ ಅಲ್ಲಿ ಅರ್ಥವೇ ಬದಲು. ‘ಪೊ’ ಎಂಬ ಒಂದೇ ಉಚ್ಚಾರವನ್ನು ಮೇಲಿನಿಂದ ಇಳಿಸಿದರೆ ಹೆಣ್ಣು, ಏರಿಸಿದರೆ ಎಸೆ, ತಗ್ಗಿಸಿದರೆ ಮುಳ್ಳು, ಉಸಿರು ಬೆರೆಸಿದರೆ ತಂದೆಯ ತಾಯಿ, ಗಂಟಲು ಬಿಗಿಹಿಡಿದರೆ ನೋಡು. ಅಜ್ಜಿ ಮುಳ್ಳಾಗದಂತೆ ಬರೆಯುವುದು ಹೇಗೆ?

ಅವರು ಕಂಡ ಉಪಾಯ ಸೊಗಸಾಗಿದೆ. ಹ್ಮಾಂಗ್ ಪದಗಳ ಕೊನೆಯಲ್ಲಿ ಅನುನಾಸಿಕ ಬಿಟ್ಟರೆ ಬೇರೆ ವ್ಯಂಜನ ಬರುವುದಿಲ್ಲ. ಆದ್ದರಿಂದ ಕೊನೆಯ ಜಾಗ ಖಾಲಿ. ಅಲ್ಲಿ ಬಿ ಬರೆದರೆ ಎತ್ತರದ ಧಾಟಿ, ಜೆ ಬರೆದರೆ ಇಳಿಯುವ ಧಾಟಿ, ವಿ ಬರೆದರೆ ಏರುವ ಧಾಟಿ, ಎಸ್ ಬರೆದರೆ ತಗ್ಗಿನ ಧಾಟಿ ಎಂದು ಗೊತ್ತುಮಾಡಿದರು. ಅನುನಾಸಿಕಕ್ಕೆ ಸ್ವರಾಕ್ಷರವನ್ನು ಎರಡು ಸಲ ಬರೆದರಾಯಿತು. ವಿಶೇಷ ಗುರುತುಗಳೇ ಬೇಡ, ಸಾಮಾನ್ಯ ಟೈಪ್‌ರೈಟರ್ ಸಾಕು. 1975ರ ನಂತರ ನಿರಾಶ್ರಿತರಾಗಿ ಅಮೆರಿಕ, ಫ್ರಾನ್ಸ್‌ಗಳಿಗೆ ಚದುರಿದ ಹ್ಮಾಂಗ್ ಜನ ಒಬ್ಬರಿಗೊಬ್ಬರು ಕಾಗದ ಬರೆಯಲು ಇದು ಒದಗಿ ಬಂತು.

ಆದರೆ ನಿಯಮ ತಿಳಿಯದ ಹೊರಗಿನವರ ಪಾಲಿಗೆ ಇದು ಒಗಟು. 2021ರಲ್ಲಿ ಟೋಕಿಯೋ ಒಲಿಂಪಿಕ್ಸ್‌ನ ಜಿಮ್ನಾಸ್ಟಿಕ್ಸ್‌ನಲ್ಲಿ ಚಿನ್ನ ಗೆದ್ದ ಸುನಿಸಾ ಲೀ ಹ್ಮಾಂಗ್ ಸಮುದಾಯದವರು. ಅವರ ಮನೆತನದ ಹೆಸರನ್ನು ಹ್ಮಾಂಗ್ ಪದ್ಧತಿಯಲ್ಲಿ ಎಲ್, ಐ, ಎಸ್ ಎಂದು ಬರೆಯಬೇಕು. ಓದಬೇಕಾದ್ದು ‘ಲಿಸ್’ ಎಂದಲ್ಲ. ಎಸ್ ಅಕ್ಷರ ಅಲ್ಲಿ ಸಕಾರವಲ್ಲ, ದನಿ ತಗ್ಗಿಸು ಎಂಬ ಸೂಚನೆ.

ಹೊರಗಿನವರು ಕೊಟ್ಟ ಲಿಪಿ ಎಲ್ಲರಿಗೂ ಸಮಾಧಾನ ತರಲಿಲ್ಲ. ಶೋಂಗ್ ಲೂ ಯಾಂಗ್ ಎಂಬ ರೈತ ಯಾವ ಭಾಷೆಯನ್ನೂ ಓದಲು, ಬರೆಯಲು ಕಲಿತವನಲ್ಲ. 1959ರಲ್ಲಿ ಆತ ಹ್ಮಾಂಗ್ ಭಾಷೆಗೆ ಪೂರ್ತಿ ಹೊಸ ಲಿಪಿಯೊಂದನ್ನು ಮುಂದಿಟ್ಟ. ಅದಕ್ಕೆ ಪಹಾ ಎಂದು ಹೆಸರು. ದೈವದಿಂದ ಬಂದದ್ದೆಂದು ಅವನ ನಂಬಿಕೆ. ಅದರಲ್ಲಿ ಸ್ವರ ಮೊದಲು, ವ್ಯಂಜನ ಆಮೇಲೆ. ಓದುವಾಗ ಮಾತ್ರ ವ್ಯಂಜನವೇ ಮೊದಲು. ಹಿಂದಿಯಲ್ಲಿ ‘ಕಿ’ ಬರೆಯುವಾಗ ಹ್ರಸ್ವ ಇಕಾರ ಎಡಕ್ಕೆ ಬರುವುದನ್ನು ನೆನಪಿಸಿಕೊಂಡರೆ ಇದು ಅರ್ಥವಾದೀತು. ತಾನೇ ಅದನ್ನು ಹಲವು ಸಲ ತಿದ್ದಿ ಸುಧಾರಿಸಿದ. ಲಾವೋಸಿನ ಯುದ್ಧಕಾಲ ಅದು. ಎರಡೂ ಪಕ್ಷಗಳಿಗೆ ಅವನ ಮೇಲೆ, ಅವನ ಬೆಂಬಲಿಗರ ಮೇಲೆ ಅನುಮಾನ. 1971ರಲ್ಲಿ ಅವನನ್ನು ಕೊಂದರು. ಅವನ ಅಕ್ಷರಗಳು ಉಳಿದವು. 2014ರಲ್ಲಿ ಕಂಪ್ಯೂಟರುಗಳ ಯುನಿಕೋಡ್ ಪಟ್ಟಿಗೂ ಸೇರಿದವು.

ನಮ್ಮ ಮನೆಯ ಮಾತು

ಇದೆಲ್ಲ ದೂರದ ಸಂಗತಿ ಎನ್ನಬೇಡಿ. ದಕ್ಷಿಣ ಭಾರತದ ನಾವು ಲತಾ ಎಂದು ಬರೆಯುವಾಗ ತಕಾರಕ್ಕೆ ‘ಟಿ’ಯ ಜೊತೆ ‘ಎಚ್’ ಸೇರಿಸುತ್ತೇವೆ, ಬರಿಯ ‘ಟಿ’ ಟಕಾರವಾದೀತೆಂದು. ಉತ್ತರದವರಿಗೆ ಆ ಎಚ್ ಮಹಾಪ್ರಾಣದ ಗುರುತು. ಅವರ ಬಾಯಲ್ಲಿ ನಮ್ಮ ಲತಾ ‘ಲಥಾ’ ಆಗುತ್ತಾಳೆ. ಯಾರದೂ ತಪ್ಪಲ್ಲ, ಅಳತೆ ಬೇರೆ. ಆದರೆ ಅಂಕಪಟ್ಟಿಯಲ್ಲಿ ಒಂದು ಕಾಗುಣಿತ, ಆಧಾರ್ ಕಾರ್ಡಿನಲ್ಲಿ ಇನ್ನೊಂದು ಆದರೆ ಓಡಾಡಬೇಕಾದವರು ಮಗು ಮತ್ತು ಅಪ್ಪ ಅಮ್ಮ. ಶಾಲೆಗೆ ಸೇರಿಸುವ ದಿನವೇ ಒಂದು ಕಾಗುಣಿತ ನಿಶ್ಚಯಿಸಿ, ಎಲ್ಲ ಕಡೆ ಅದನ್ನೇ ಬರೆಸಿ ಎಂದು ಪಾಲಕರಲ್ಲಿ ನನ್ನ ವಿನಂತಿ.

ವಿದ್ಯಾರ್ಥಿಗಳಿಗೂ ಒಂದು ಮಾತು. ಕೊರಿಯಾದ ರಾಜಧಾನಿಯನ್ನು ನಾವು ಸಿಯೋಲ್ ಎಂದು ಬರೆಯುವುದು ರೋಮನ್ ಅಕ್ಷರ ನೋಡಿಕೊಂಡು. ಅಲ್ಲಿನ ‘ಇ’ ಮತ್ತು ‘ಓ’ ಸೇರಿ ಒಂದೇ ಸ್ವರ. ಅಲ್ಲಿನವರ ಉಚ್ಚಾರ ಹೆಚ್ಚುಕಡಿಮೆ ‘ಸೊಉಲ್’. ಕನ್ನಡ ಲಿಪಿಯಲ್ಲಿ ಅದನ್ನು ನೇರವಾಗಿಯೇ ಬರೆಯಬಹುದು, ನಡುವೆ ಇಂಗ್ಲಿಷಿನ ದಲ್ಲಾಳಿ ಬೇಕಿಲ್ಲ. ತರಗತಿಗೆ ಹೊಸ ಹುಡುಗನೊಬ್ಬ ಬಂದು, ಅವನ ಹೆಸರು ಹಾಜರಿ ಪುಸ್ತಕದಲ್ಲಿ ವಿಚಿತ್ರವಾಗಿ ಕಂಡರೆ ನಗಬೇಡಿ. "ನಿಮ್ಮ ಮನೆಯಲ್ಲಿ ನಿನ್ನನ್ನು ಹೇಗೆ ಕರೆಯುತ್ತಾರೆ?" ಎಂದು ಕೇಳಿ, ಹಾಗೇ ಕರೆಯಿರಿ.

ಅಟ್ಲಾಸಿನ ಹುಡುಗ ಈಗ ಎರಡೂ ನಕ್ಷೆಗಳಲ್ಲಿ ಬೇರೆ ಬೇರೆಯಾಗಿ ಕಾಣುವ ಊರುಗಳ ಪಟ್ಟಿ ಮಾಡುತ್ತಿದ್ದಾನೆ. ಮೊನ್ನೆ ಪೀಕಿಂಗ್-ಬೀಜಿಂಗ್ ಹಿಡಿದುಕೊಂಡು ಬಂದಿದ್ದ. ಈ ಸಲ ಗಂಟೆ ಹೊಡೆದರೂ ನಾನು ಎದ್ದು ಹೋಗಲಿಲ್ಲ.