ಸೂಪಾ ಮಕ್ಕಳ ಅಂಕಕ್ಕೆ ಸುಂಕ ಕಟ್ಟಬೇಕೇ?



ನಾಡಿಗೆ ಕರೆಂಟು ಬೇಕೆಂದು ಕಾಳಿ ನದಿಗೆ ಅಣೆಕಟ್ಟು ಕಟ್ಟಿದಾಗ ನೀರಲ್ಲಿ ಮುಳುಗಿದ್ದು ಸೂಪಾ ಊರು. ತಾಲೂಕು ಕಚೇರಿ ಜೋಯಿಡಾಕ್ಕೆ ಬಂತು, ಹೆಸರು ಮಾತ್ರ ಅಣೆಕಟ್ಟಿಗೆ ಉಳಿಯಿತು. ಈ ಕಾಡುಸೀಮೆಯಲ್ಲಿ ಮನೆಯೊಳಗೆ ಕೊಂಕಣಿಯನ್ನೋ ಮರಾಠಿಯನ್ನೋ ಆಡುವ ಮಕ್ಕಳು ಶಾಲೆಯಲ್ಲಿ ಕನ್ನಡ ಕಲಿತು, ಕನ್ನಡದಲ್ಲೇ ಪರೀಕ್ಷೆ ಬರೆಯುತ್ತಾರೆ. ಕನ್ನಡವನ್ನು ಹೀಗೆ ನಂಬಿದ ಮಕ್ಕಳಿಗೆ ಬೆಂಗಳೂರಿನ ಪರೀಕ್ಷಾ ಮಂಡಳಿ ಕೊಡುವ ಉಡುಗೊರೆ ಏನು ಗೊತ್ತೇ?

ಬಿಲ್ಲು!

2024ರಲ್ಲಿ ದ್ವಿತೀಯ ಪಿಯುಸಿ ವಿದ್ಯಾರ್ಥಿ ತಾನೇ ಬರೆದ ಉತ್ತರ ಪತ್ರಿಕೆಯ ಸ್ಕ್ಯಾನ್ ಪ್ರತಿ ನೋಡಲು ವಿಷಯವೊಂದಕ್ಕೆ 530 ರೂಪಾಯಿ ಕಟ್ಟಬೇಕಿತ್ತು. ಮರುಮೌಲ್ಯಮಾಪನಕ್ಕೆ ಮತ್ತೆ 1,670. ಒಟ್ಟು 2,200. ಎರಡು ವಿಷಯದಲ್ಲಿ ಅನುಮಾನ ಬಂದರೆ 4,400. ಕೂಲಿ ಮಾಡುವ ಅಪ್ಪ ಇದನ್ನು ಎಲ್ಲಿಂದ ತರಬೇಕು ಸ್ವಾಮಿ? ಸ್ಕ್ಯಾನ್ ಪ್ರತಿ ಪಡೆಯದವನಿಗೆ ಮರುಮೌಲ್ಯಮಾಪನದ ಬಾಗಿಲೇ ಇಲ್ಲ. ಅರ್ಜಿ ಆನ್‌ಲೈನಿನಲ್ಲಿ, ಗಡುವು ಕೆಲವೇ ದಿನ. ಮರ ಹತ್ತಿದರೂ ಮೊಬೈಲ್ ಸಿಗ್ನಲ್ ಸಿಗದ ಹಳ್ಳಿಗಳು ಜೋಯಿಡಾದಲ್ಲಿವೆ ಎಂಬುದು ಈ ಮಹಾಶಯರಿಗೆ ತಿಳಿದೇ ಇಲ್ಲವೇ? ಕೂಡಿಸುವಾಗ ತಪ್ಪಿದವರು ಅವರು, ದಂಡ ತೆರುವವರು ನಾವು!

ಇದೇ ದರ್ಪವನ್ನು ಕೋಲ್ಕತ್ತದ ಒಬ್ಬ ವಿದ್ಯಾರ್ಥಿ ಕೋರ್ಟಿಗೆ ಎಳೆದ. 2008ರಲ್ಲಿ ಸಿಬಿಎಸ್‌ಇ ಪರೀಕ್ಷೆ ಬರೆದವನು ತನ್ನ ಪತ್ರಿಕೆ ತೋರಿಸಿ ಎಂದ, ಮಂಡಳಿ ಆಗದು ಎಂದಿತು. ಹೈಕೋರ್ಟಿನಲ್ಲಿ ಸೋತ ಮಂಡಳಿ ಸುಪ್ರೀಂ ಕೋರ್ಟಿಗೆ ಓಡಿತು. 2011ರ ಆಗಸ್ಟ್ 9ರಂದು ಅಲ್ಲೂ ಸೋತಿತು. ಮೌಲ್ಯಮಾಪನವಾದ ಉತ್ತರ ಪತ್ರಿಕೆ ಮಾಹಿತಿ ಹಕ್ಕು ಕಾಯಿದೆಯ ಪ್ರಕಾರ 'ಮಾಹಿತಿ'ಯೇ, ಬರೆದವನಿಗೆ ಅದನ್ನು ನೋಡುವ ಹಕ್ಕಿದೆ ಎಂದು ತೀರ್ಪು ಬರೆದವರು ಹಿಂದೆ ನಮ್ಮ ಕರ್ನಾಟಕ ಹೈಕೋರ್ಟಿನಲ್ಲೇ ಇದ್ದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್.

2019ರಲ್ಲಿ ಇನ್ನೊಂದು ಪೆಟ್ಟು. ಪ್ರತಿಗೆ ವಿಷಯಕ್ಕೆ 500 ರೂಪಾಯಿ ಕೇಳುತ್ತಿದ್ದ ಕಂಪನಿ ಸೆಕ್ರೆಟರಿಗಳ ಸಂಸ್ಥೆಗೆ, ಮಾಹಿತಿ ಹಕ್ಕಿನಲ್ಲಿ ಕೇಳಿದವನಿಂದ ಆ ಕಾಯಿದೆಯ ಶುಲ್ಕವನ್ನಷ್ಟೇ ಪಡೆಯಬೇಕು ಎಂದಿತು ಸುಪ್ರೀಂ ಕೋರ್ಟು. ನಮ್ಮ ರಾಜ್ಯದಲ್ಲಿ ಅದು ಅರ್ಜಿಗೆ 10 ರೂಪಾಯಿ, ಪುಟಕ್ಕೆ 2. ನಲವತ್ತು ಪುಟಕ್ಕೆ 90 ರೂಪಾಯಿ! 530 ಎಲ್ಲಿ, 90 ಎಲ್ಲಿ?

ಆದರೆ ಕುಣಿಕೆ ಇಲ್ಲೇ ಇದೆ. ಮಾಹಿತಿ ಹಕ್ಕಿನ ಉತ್ತರಕ್ಕೆ 30 ದಿನ. ಅಷ್ಟರೊಳಗೆ ಮರುಮೌಲ್ಯಮಾಪನದ ಗಡುವು ಮುಗಿದಿರುತ್ತದೆ. ತಪ್ಪು ಕಣ್ಣೆದುರಿಗಿದ್ದರೂ ತಿದ್ದಿಸುವಂತಿಲ್ಲ. ನಿಯಮದಲ್ಲಿ ಇಲ್ಲದ ಮರುಮೌಲ್ಯಮಾಪನವನ್ನು ಹಕ್ಕೆಂದು ಕೇಳಲಾಗದು ಎಂದು 1984ರಲ್ಲೇ ಮಹಾರಾಷ್ಟ್ರ ಮಂಡಳಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿಬಿಟ್ಟಿದೆ. ನ್ಯಾಯಾಧೀಶರು ಗಣಿತದ ಮೇಷ್ಟ್ರಾಗಿ ಅಂಕ ಹಾಕಲಿ ಎಂದು ನಾವೂ ಕೇಳುತ್ತಿಲ್ಲ. ಆದರೆ ನಿಯಮ ಬರೆಯುವ ಪೆನ್ನು ಸರ್ಕಾರದ ಕೈಯಲ್ಲಿದೆಯಲ್ಲ! ಅದು ಬರೆಯದಿದ್ದರೆ ಹುಡುಗ ದಾಂಡೇಲಿ, ಹಳಿಯಾಳ ದಾಟಿ ಧಾರವಾಡದ ಹೈಕೋರ್ಟ್ ಪೀಠಕ್ಕೆ ಹೋಗಬೇಕು, ವಕೀಲರ ಫೀಸು ಕಟ್ಟಬೇಕು, ಇಂಗ್ಲಿಷಿನಲ್ಲಿ ನಡೆಯುವ ವಾದವನ್ನು ಬಾಯಿಬಿಟ್ಟುಕೊಂಡು ನೋಡಬೇಕು.

ಪಿಯುಸಿ, ಡಿಗ್ರಿ ದಾಟಿದ ಮೇಲಾದರೂ ಈ ಕಾಟ ತಪ್ಪಿತೇ? ಕೆಪಿಎಸ್‌ಸಿ ನೋಡಿ. 384 ಗೆಜೆಟೆಡ್ ಪ್ರೊಬೇಷನರಿ ಹುದ್ದೆಗಳಿಗೆ 2024ರ ಆಗಸ್ಟ್ 27ರಂದು ಪೂರ್ವಭಾವಿ ಪರೀಕ್ಷೆ ನಡೆಸಿತು. ಇಂಗ್ಲಿಷಿನಿಂದ ಕನ್ನಡಕ್ಕೆ ಇಳಿಸಿದ ಪ್ರಶ್ನೆಗಳು ಕನ್ನಡಿಗರಿಗೇ ಅರ್ಥವಾಗಲಿಲ್ಲ. ಗಲಾಟೆಯಾಗಿ ಡಿಸೆಂಬರ್ 29ರಂದು ಮರುಪರೀಕ್ಷೆ, ಮತ್ತೆ ಅದೇ ತಪ್ಪುಗಳ ರಾಶಿ! ಅಭ್ಯರ್ಥಿಗಳು ಆಡಳಿತ ನ್ಯಾಯಮಂಡಳಿಯ ಮೆಟ್ಟಿಲು ಹತ್ತಬೇಕಾಯಿತು. ಪ್ರಶ್ನೆಯೇ ಸುಳ್ಳಾದರೆ ಉತ್ತರಕ್ಕೆ ಬಿದ್ದ ಅಂಕ ನಿಜವಾಗುವುದು ಹೇಗೆ? ಕನ್ನಡ ರಾಜ್ಯದ ಅಧಿಕಾರಿಯನ್ನು ಆರಿಸುವ ಪ್ರಶ್ನೆಯನ್ನು ಮೊದಲು ಕನ್ನಡದಲ್ಲೇ ಬರೆಯಲು ಇವರಿಗೆ ಬಂದಿರುವ ರೋಗವೇನು?

ಸರ್ಕಾರಕ್ಕೆ ಕೇಳುತ್ತೇವೆ: ಮಾಹಿತಿ ಹಕ್ಕಿನ ಉತ್ತರ ಕೈಸೇರುವವರೆಗೆ ಮರುಮೌಲ್ಯಮಾಪನದ ಗಡುವು ತೆರೆದಿರಲಿ. ಅಂಕ ಹೆಚ್ಚಿದರೆ, ಒಂದೇ ಅಂಕವಾದರೂ ಸರಿ, ಕಟ್ಟಿದ ಹಣವೆಲ್ಲ ವಾಪಸು ಬರಲಿ. ಜೋಯಿಡಾದಲ್ಲೇ ಪತ್ರಿಕೆ ನೋಡುವ ವ್ಯವಸ್ಥೆಯಾಗಲಿ.

ಪಾಲಕರೇ, ಅಲ್ಲಿಯವರೆಗೆ ಸುಮ್ಮನೆ ಕೂರಬೇಡಿ. ಫಲಿತಾಂಶ ಬಂದ ದಿನವೇ 10 ರೂಪಾಯಿಯ ಅರ್ಜಿ ಹಾಕಿ. ಬಿಪಿಎಲ್ ಕಾರ್ಡಿದ್ದರೆ ಅದರ ನಕಲು ಲಗತ್ತಿಸಿ, ಶುಲ್ಕವಿಲ್ಲ. ಅರ್ಜಿ ಕನ್ನಡದಲ್ಲೇ ಇರಲಿ, ಕಾಯಿದೆಯ 6ನೇ ಕಲಮು ಅದಕ್ಕೆ ಅವಕಾಶ ಕೊಟ್ಟಿದೆ. ಇಂಗ್ಲಿಷಿನಲ್ಲಿ ಬರೆದು ತನ್ನಿ ಎನ್ನುವ ಗುಮಾಸ್ತ ಸಿಕ್ಕರೆ ಅದನ್ನೇ ಕಾಗದದಲ್ಲಿ ಬರೆದುಕೊಡಲು ಹೇಳಿ, ಆ ಕಾಗದವನ್ನು ನಮಗೆ ಕಳಿಸಿ.