ಪುಂಡಿಪಲ್ಯ ಮಾರುವವರ ಲೆಕ್ಕ ಯಾರ ವಹಿಯಲ್ಲಿದೆ?

ಸೊನ್ನದಂಥ ಭೀಮಾ ದಂಡೆಯ ಊರುಗಳಿಂದ ಪುಂಡಿಪಲ್ಯ, ಮೆಂತೆ, ಬದನೆಕಾಯಿ ಗಂಟು ಕಟ್ಟಿ ಟಂಟಂ ಹತ್ತುವ ಅವ್ವಂದಿರು ನಮಗೆಲ್ಲ ಗೊತ್ತು. ಪಟ್ಟಣದ ರಸ್ತೆ ಬದಿ ಗೋಣಿತಟ್ಟು ಹಾಸಿದರೆ ಅಂಗಡಿ ಶುರು. ಯಾರಾದರೂ "ಏಳು" ಅಂದರೆ ಅಂಗಡಿ ಬಂದ್. ಹೀಗೆ ಏಳಿಸುವ ಅಧಿಕಾರ ಎಷ್ಟು ಎಂಬ ಪ್ರಶ್ನೆ ಸುಪ್ರೀಂ ಕೋರ್ಟಿನ ತನಕ ಹೋಗಿ ಬಂದಿದೆ.

ದೆಹಲಿಯ ಜನಪಥದ ಹತ್ತಿರ ಬಟ್ಟೆ ಮಾರುತ್ತಿದ್ದ ಸೋದನ್ ಸಿಂಗ್ ಅಲ್ಲಿನ ಮುನಿಸಿಪಾಲಿಟಿ ವಿರುದ್ಧ ಕೇಸು ಹಾಕಿದರು. 1989ರಲ್ಲಿ ತೀರ್ಪು ಬಂತು. ಬೀದಿಬದಿ ವ್ಯಾಪಾರ ಸಂವಿಧಾನದ 19(1)(ಜಿ) ವಿಧಿ ಕೊಟ್ಟ ಹಕ್ಕು, ಆದರೆ ಇಂಥ ಜಾಗವೇ ಬೇಕು ಎನ್ನುವಂತಿಲ್ಲ ಎಂದಿತು ಕೋರ್ಟು. ಮಾರುವ ಹಕ್ಕು ಸಿಕ್ಕಿತು, ಕೂರುವ ಜಾಗ ಸಿಗಲಿಲ್ಲ. 2010ರಲ್ಲಿ ಗೈಂಡಾ ರಾಮ್ ಪ್ರಕರಣದಲ್ಲಿ ಅದೇ ಕೋರ್ಟು, 2011ರ ಜೂನ್ 30ರೊಳಗೆ ಕಾನೂನು ಮಾಡಿ ಎಂದು ಹೇಳಿತು. ಗಡುವು ದಾಟಿ 2014ರಲ್ಲಿ ಕಾಯ್ದೆ ಬಂತು.

ಕಾಯ್ದೆ ಚಲೋ ಇದೆ. ಸಮೀಕ್ಷೆ ಮುಗಿದು ಪ್ರಮಾಣಪತ್ರ ಕೊಡುವ ತನಕ ಯಾರನ್ನೂ ಎಬ್ಬಿಸುವಂತಿಲ್ಲ (ಕಲಂ 3). ಸ್ಥಳಾಂತರ ಮಾಡುವುದಿದ್ದರೆ 30 ದಿನ ಮೊದಲೇ ನೋಟಿಸು ಕೊಡಬೇಕು. ಸಾಮಾನು ಜಪ್ತಿ ಮಾಡಿದರೆ ಪಟ್ಟಿ ಬರೆದು ಕೊಡಬೇಕು. ಕೊಳೆಯುವ ಮಾಲಾದರೆ ಕೇಳಿದ ದಿನವೇ ವಾಪಸ್, ಉಳಿದದ್ದು ಎರಡು ಕೆಲಸದ ದಿನದೊಳಗೆ. ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಶೇ 40ರಷ್ಟಾದರೂ ವ್ಯಾಪಾರಿಗಳೇ ಇರಬೇಕು, ಅದೂ ಚುನಾವಣೆಯಿಂದ ಆರಿಸಿ ಬಂದವರು.

ಆದರೆ ಹಳ್ಳಿಯವರಿಗೆ ಎರಡು ಕಡೆ ಕಾಲು ಎಡವುತ್ತದೆ. ಪ್ರಮಾಣಪತ್ರ ಬೇಕಾದವರು, ಬದುಕಲು ತಮಗೆ ಬೇರೆ ದಾರಿ ಇಲ್ಲ ಎಂದು ಬರೆದುಕೊಡಬೇಕು. ಒಂದೆಕರೆ ಒಣಭೂಮಿ ಇದ್ದವಳು, ಸುಗ್ಗಿಯಲ್ಲಿ ಕೂಲಿಗೆ ಹೋಗುವವಳು ಏನು ಬರೆಯಬೇಕು? ಪಹಣಿಯಲ್ಲಿ ಹೆಸರಿದೆ ಅಂತ ಪಲ್ಯದ ಗಂಟಿಗೆ ಜಾಗ ಇಲ್ಲ ಅನ್ನುವುದು ನ್ಯಾಯವಲ್ಲ. ಮಳೆ ನಂಬಿದ ಹೊಲ ವರ್ಷಪೂರ್ತಿ ಅನ್ನ ಹಾಕುತ್ತದೆ ಅಂತ ಯಾರು ಹೇಳಿದರೋ! ತಮಾಷೆ ಏನೆಂದರೆ, 2020ರಲ್ಲಿ 10,000 ರೂಪಾಯಿ ಸಾಲದಿಂದ ಶುರುವಾದ ಪಿಎಂ ಸ್ವನಿಧಿ ಯೋಜನೆ, ಸುತ್ತಲ ಹಳ್ಳಿಗಳಿಂದ ಪಟ್ಟಣಕ್ಕೆ ಬಂದು ಮಾರುವವರನ್ನೂ ಶಿಫಾರಸು ಪತ್ರದ ಮೇಲೆ ಸೇರಿಸಿಕೊಂಡಿತು. ಸಾಲದ ವಹಿಯಲ್ಲಿ ನಾವು ವ್ಯಾಪಾರಿಗಳು. ಜಾಗದ ವಹಿಯಲ್ಲೂ ಹಾಗೇ ಬರೆದುಕೊಳ್ಳಲಿ.

ಇನ್ನೊಂದು ಇದಕ್ಕಿಂತ ದೊಡ್ಡ ತೊಡಕು. ಕಾಯ್ದೆ ಹೇಳುವ ಸ್ಥಳೀಯ ಪ್ರಾಧಿಕಾರ ಅಂದರೆ ನಗರ, ಪಟ್ಟಣಗಳ ಸಂಸ್ಥೆಗಳು. ಗ್ರಾಮ ಪಂಚಾಯ್ತಿ ಅದರಲ್ಲಿಲ್ಲ. ಗಾಣಗಾಪುರದ ದತ್ತನ ಗುಡಿ ದಾರಿಯಲ್ಲಿ ಕಾಯಿ ಮಾರುವವರು, ಘತ್ತರಗಿ ಭಾಗ್ಯವಂತಿಯ ಮುಂದೆ ಬಳೆ, ಕುಂಕುಮ ಇಟ್ಟುಕೊಂಡವರು, ನಮ್ಮೂರ ಸಂತೆಯಲ್ಲಿ ಭಜಿ ಬಂಡಿ ನಿಲ್ಲಿಸುವವರು ಯಾರಿಗೂ ಈ 30 ದಿನದ ನೋಟಿಸು ಇಲ್ಲ, ಸಮಿತಿಯೂ ಇಲ್ಲ. ಅವರ ಕೈಯಲ್ಲಿರುವುದು ಸಂತೆ ಕರದ ಚೀಟಿ, ಅದೂ ಕೊಟ್ಟರೆ. 1989ರ ತೀರ್ಪು ಮಾತ್ರ ಹಳ್ಳಿ ಬೀದಿಗೂ ಅನ್ವಯಿಸುತ್ತದೆ, ಸಂವಿಧಾನಕ್ಕೆ ಪುರಸಭೆಯ ಗಡಿ ಇಲ್ಲವಲ್ಲ.

ಅದಕ್ಕೆ ನಾವು ಕೇಳುವುದು ಇಷ್ಟು. ಆಳಂದ, ಅಫಜಲಪುರ, ಜೇವರ್ಗಿಯಲ್ಲಿ ಸಮೀಕ್ಷೆ ಮಾಡುವಾಗ ಹಳ್ಳಿಯಿಂದ ಬರುವವರನ್ನು ಅವರು ಕೂರುವ ಜಾಗದಲ್ಲೇ, ಸಂತೆ ದಿನವೇ ಎಣಿಸಬೇಕು. ಜಾತ್ರೆ, ಸಂತೆಯ ಊರುಗಳಿಗೆ ಇದೇ ರಕ್ಷಣೆ ಕೊಡುವ ನಿಯಮವನ್ನು ರಾಜ್ಯ ಸರ್ಕಾರ ಪಂಚಾಯ್ತಿಗಳಿಗೂ ಮಾಡಬೇಕು.

ಕೋರ್ಟು ಬೆಂಗಳೂರಲ್ಲಿದೆ ಅಂತ ಸುಮ್ಮನಿರುವ ಕಾಲ ಹೋಯಿತು. 2008ರಲ್ಲಿ ಸಂಚಾರಿಯಾಗಿ ಶುರುವಾದ ಹೈಕೋರ್ಟ್ ಪೀಠ 2013ರಿಂದ ಕಲಬುರಗಿಯಲ್ಲಿ ಕಾಯಂ ಇದೆ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇರಲಿ ಪುಕ್ಕಟೆ ವಕೀಲರು ಸಿಗುತ್ತಾರೆ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಅರ್ಜಿ ಕೊಟ್ಟರಾಯಿತು. ಹೋಗುವಾಗ ಕರದ ಚೀಟಿ, ಕೂರುವ ಜಾಗದ ಫೋಟೊ ಜೊತೆಗಿರಲಿ. ಇವತ್ತಿನ ಚೀಟಿಯಿಂದಲೇ ಒಂದು ಡಬ್ಬಿಯಲ್ಲಿ ಕೂಡಿಡಲು ಮನೆಯವರಿಗೆ ಹೇಳಿ.